ಕಾಯಿಲೆ ಒಬ್ಬನಿಗೆ, ಕಿವಿನೋವು ಮೂವರಿಗೆ

ನೂರು ಜನರನ್ನು ವಿಮಾನಕ್ಕೆ ತುಂಬಿ, ಎರಾಂಗೆಲ್ ಎಂಬ ದ್ವೀಪದ ಮೇಲೆ ಉದುರಿಸಿ, ‘ಕೊನೆಗೆ ಉಳಿದವರು ಗೆದ್ದಿರಿ’ ಎನ್ನುವ ಆಟ ನಿಮಗೆ ಗೊತ್ತಿರಬಹುದು. ಗೊತ್ತಿಲ್ಲದಿದ್ದರೆ ರಾತ್ರಿ ಹನ್ನೊಂದರ ಮೇಲೆ ನಿಮ್ಮ ಮನೆಯ ಹುಡುಗನ ಕೋಣೆಯ ಬಾಗಿಲಿಗೆ ಕಿವಿಗೊಡಿ. 2018ರಲ್ಲಿ ಅದು ಪಬ್‌ಜಿ ಮೊಬೈಲ್ ಎಂದು ಬಂತು. 2020ರ ಸೆಪ್ಟೆಂಬರಿನಲ್ಲಿ ಸರ್ಕಾರ ಅದನ್ನೂ ಸೇರಿಸಿ 118 ಆ್ಯಪ್‌ಗಳಿಗೆ ಬಾಗಿಲು ಹಾಕಿತು. 2021ರ ಜುಲೈನಲ್ಲಿ ಬಿಜಿಎಂಐ ಎಂದು ಹೆಸರು ಬದಲಿಸಿಕೊಂಡು ಬಂತು, 2022ರ ಜುಲೈನಲ್ಲಿ ಆ್ಯಪ್ ಅಂಗಡಿಗಳಿಂದ ಮತ್ತೆ ಮಾಯವಾಯಿತು, 2023ರ ಮೇ ತಿಂಗಳಲ್ಲಿ ಮತ್ತೆ ಪ್ರತ್ಯಕ್ಷವಾಯಿತು. ಇಷ್ಟು ಸಲ ಸತ್ತು ಹುಟ್ಟಿದ ಆಟದಲ್ಲಿ ಒಂದೇ ಒಂದು ವಾಕ್ಯಕ್ಕೆ ಮಾತ್ರ ಸಾವೇ ಇಲ್ಲ: “ಲೋ, ನಿನ್ ಮೈಕ್ ಆನ್ ಇದ್ಯಾ?”

ಈ ಪ್ರಶ್ನೆಯ ಸೊಗಸು ನೋಡಿ. ಮೈಕ್ ಆನ್ ಇದ್ದವನು ಆಗಲೇ ಮಾತಾಡುತ್ತಿರುತ್ತಾನೆ, ಅವನನ್ನು ಯಾರೂ ಕೇಳುವುದಿಲ್ಲ. ಆಫ್ ಇದ್ದವನು “ಇಲ್ಲ ಕಣೋ” ಎಂದು ಮನೆಯೆಲ್ಲ ಕೇಳುವಂತೆ ಕೂಗಿದರೂ ಕೇಳಬೇಕಾದವರಿಗೆ ಕೇಳುವುದಿಲ್ಲ. ಆದ್ದರಿಂದ ಅವನು ದ್ವೀಪದ ನಡುಬೀದಿಯಲ್ಲಿ ಕೂರುತ್ತಾನೆ, ಏಳುತ್ತಾನೆ, ಕೂರುತ್ತಾನೆ, ಏಳುತ್ತಾನೆ. ನಮ್ಮ ಕಾಲದಲ್ಲಿ ಇದಕ್ಕೆ ಬಸ್ಕಿ ಎನ್ನುತ್ತಿದ್ದರು, ಮೇಷ್ಟ್ರು ಹೊಡೆಸುತ್ತಿದ್ದರು. ಈಗ ಇದು ‘ಹೌದು, ಕೇಳಿಸ್ತಿದೆ, ಆದ್ರೆ ಮಾತಾಡೋಕಾಗ್ತಿಲ್ಲ’ ಎಂಬುದರ ಅಧಿಕೃತ ಸಂಜ್ಞೆ. ಎರಡನೇ ಬಸ್ಕಿಗೆ ಎಲ್ಲಿಂದಲೋ ಗುಂಡು ಬೀಳುತ್ತದೆ.

ನಮ್ಮಕ್ಕನ ಮಗನ ಸ್ಕ್ವಾಡಿನಲ್ಲಿ ನಾಲ್ಕು ಜನ. ಒಬ್ಬ ಇವನು, ಒಬ್ಬ ಹಾಸನದವನು, ಒಬ್ಬ ದಾವಣಗೆರೆಯವನು, ಇನ್ನೊಬ್ಬ ಬೆಂಗಳೂರಿನ ಪಿ.ಜಿ.ಯಲ್ಲಿರುವವನು. ಇವರ ಆಟಕ್ಕಿಂತ ಆಟದ ಮುಂಚಿನ ರಿಪೇರಿ ಚೆನ್ನಾಗಿರುತ್ತದೆ ಎಂದು ನಾನು ಪಕ್ಕದಲ್ಲಿ ಕೂತು ನೋಡುವುದುಂಟು. “ಮಾಮ, ನಿಮಗೆ ಇದೆಲ್ಲ ಅರ್ಥ ಆಗಲ್ಲ” ಎನ್ನುತ್ತಾನೆ. ಅರ್ಥವಾಗಿದೆಯಪ್ಪ. ಒಂದೇ ಒಂದು ಸೂತ್ರ ಹಿಡಿದರೆ ಎಲ್ಲ ಅರ್ಥವಾಗುತ್ತದೆ. ಲೋಕದಲ್ಲಿ ಹಲ್ಲುನೋವು ಬಂದವನು ತಾನೇ ಕಿರುಚುತ್ತಾನೆ. ವಾಯ್ಸ್ ಚಾಟಿನಲ್ಲಿ ಹಾಗಲ್ಲ, ಕಾಯಿಲೆ ಒಬ್ಬನದು, ಕಿರುಚಾಟ ಉಳಿದ ಮೂವರದು. ಕಾಯಿಲೆಯವನು ಮಾತ್ರ ಆರಾಮಾಗಿ ಲೂಟ್ ಮಾಡುತ್ತಿರುತ್ತಾನೆ.

ಎಕೋ ತೆಗೆದುಕೊಳ್ಳಿ. ಹಾಸನದವನು “ಎನಿಮಿ!” ಎಂದರೆ ಅರೆಗಳಿಗೆ ಬಿಟ್ಟು ಅವನಿಗೇ “ಎನಿಮಿ!” ಎಂದು ವಾಪಸು ಕೇಳುತ್ತದೆ. ತನ್ನ ಫೋನೇ ಕೆಟ್ಟಿದೆ ಎಂದು ಪಾಪ ರೀಸ್ಟಾರ್ಟ್ ಮಾಡುತ್ತಾನೆ, ಆಟವನ್ನು ಅಳಿಸಿ ಮತ್ತೆ ಹಾಕಿಕೊಳ್ಳುತ್ತಾನೆ, ಒಂದೂವರೆ ಜಿಬಿ ಡೇಟಾಕ್ಕೆ ಎಳ್ಳುನೀರು ಬಿಡುತ್ತಾನೆ. ಕಳ್ಳ ಅಲ್ಲಿಲ್ಲ. ದಾವಣಗೆರೆಯವನು ಹೆಡ್‌ಫೋನ್ ಹಾಕಿಕೊಳ್ಳದೆ ಫೋನಿನ ಸ್ಪೀಕರನ್ನು ಫುಲ್ ಇಟ್ಟಿದ್ದಾನೆ. ಹಾಸನದ ಮಾತು ಆ ಸ್ಪೀಕರಿನಿಂದ ಹೊರಟು, ಅದೇ ಫೋನಿನ ಮೈಕಿಗೆ ಹೊಕ್ಕು, ಊರು ಸುತ್ತಿ ಹಾಸನಕ್ಕೇ ಬರುತ್ತಿದೆ. ಎಕೋ ಕೇಳಿಸದೆ ಇರುವವನು ಗುಂಪಿನಲ್ಲಿ ಒಬ್ಬನೇ, ಅದನ್ನು ಹುಟ್ಟಿಸುತ್ತಿರುವವನು. “ನಂಗೇನೂ ಕೇಳಿಸ್ತಿಲ್ವಲ್ಲ, ನಿಮ್ದೇ ಪ್ರಾಬ್ಲಂ” ಎಂದು ಯಾರು ಧೈರ್ಯವಾಗಿ ಹೇಳುತ್ತಾನೋ ಅವನ ಕಾಲರ್ ಹಿಡಿಯಿರಿ. ಸಾಕ್ಷಿ ಬೇಕೆಂದರೆ ಒಬ್ಬೊಬ್ಬರನ್ನೇ ಮ್ಯೂಟ್ ಮಾಡುತ್ತ ಬನ್ನಿ. ಯಾರನ್ನು ಮ್ಯೂಟ್ ಮಾಡಿದಾಗ ಎಕೋ ನಿಂತಿತೋ ಅವನಿಗೆ ಹೆಡ್‌ಫೋನ್ ಕೊಡಿಸಿ. ಅಷ್ಟೂ ದುಡ್ಡಿಲ್ಲದಿದ್ದರೆ ಸ್ಪೀಕರ್ ವಾಲ್ಯೂಮ್ ಇಳಿಸಲು ಹೇಳಿ, ಅದಕ್ಕೆ ಕಾಸು ಬೇಡ.

ಮೈಕ್ ಸದಾ ತೆರೆದಿಟ್ಟವರ ಮನೆಯ ಸಮಾಚಾರ ಇನ್ನೂ ಸ್ವಾರಸ್ಯ. ಕುಕ್ಕರಿನ ಮೂರು ವಿಷಲ್, ಧಾರಾವಾಹಿಯ ಅತ್ತೆಯ ಶಾಪ, ತರಕಾರಿ ಗಾಡಿಯ ರೆಕಾರ್ಡು ಎಲ್ಲವೂ ಎರಾಂಗೆಲ್ಲಿನಲ್ಲಿ ನೇರ ಪ್ರಸಾರ. ಇತ್ತೀಚೆಗೆ ಸದ್ದು ಸೋಸುವ ತಂತ್ರಾಂಶ ಬಂದಿದೆ, ಫ್ಯಾನು, ಏಸಿಯಂಥ ಒಂದೇ ಸಮನೆಯ ಗುಂಯ್‌ಗುಟ್ಟುವಿಕೆಯನ್ನು ಚೆನ್ನಾಗಿ ತೆಗೆಯುತ್ತದೆ. ಆದರೆ ಅದರ ಧರ್ಮವೇ ಮನುಷ್ಯರ ದನಿಯನ್ನು ಉಳಿಸಿ ಉಳಿದದ್ದನ್ನು ಅಳಿಸುವುದು. ಹೀಗಾಗಿ ಫ್ಯಾನು, ಮಿಕ್ಸಿ ಎಲ್ಲ ಸೋಸಿಹೋಗಿ, “ಊಟಕ್ಕೆ ಬರ್ತೀಯೋ, ಇಲ್ಲ ಫೋನ್ ಬಾವಿಗೆ ಹಾಕ್ಲೋ?” ಎಂಬ ನಮ್ಮಕ್ಕನ ದನಿ ಮಾತ್ರ ಶುಭ್ರವಾಗಿ ಮೂರು ಜಿಲ್ಲೆ ಮುಟ್ಟುತ್ತದೆ. ಹಾಸನದಿಂದ ಉತ್ತರವೂ ಬರುತ್ತದೆ: “ಆಂಟಿ, ಐದೇ ನಿಮಿಷ, ಲಾಸ್ಟ್ ಝೋನು!” ಇದಕ್ಕೆ ಮದ್ದು ಗುಂಡಿ ಒತ್ತಿದಾಗ ಮಾತ್ರ ಮೈಕ್ ತೆರೆಯುವ ಸೆಟ್ಟಿಂಗು. ಅಷ್ಟೇನೂ ಕಷ್ಟವಲ್ಲ, ಆದರೆ ಬಂದೂಕು, ಓಟ, ಜಿಗಿತಗಳಿಗೇ ಹತ್ತು ಬೆರಳು ಸಾಲದವನು ಹನ್ನೊಂದನೆಯದನ್ನು ಎಲ್ಲಿಂದ ತರಬೇಕು?

ಇನ್ನು ಬ್ಲೂಟೂತ್. ಹುಟ್ಟುಹಬ್ಬಕ್ಕೆಂದು ಅಪ್ಪನ ಹತ್ತಿರ ವಸೂಲಿ ಮಾಡಿದ ಇಯರ್‌ಬಡ್ ಇರುತ್ತದೆ. ಹಾಡು ಕೇಳಿದರೆ ಸ್ವರ್ಗ. ಆಟಕ್ಕೆ ಬಂದು ಮೈಕ್ ಆನ್ ಮಾಡಿದ ಕೂಡಲೇ ಎಲ್ಲ ದನಿಯೂ ಡಬ್ಬದೊಳಗಿನಿಂದ ಬಂದಂತೆ ಆಗುತ್ತದೆ. “ಡೂಪ್ಲಿಕೇಟ್ ಕೊಟ್ಬಿಟ್ಟಿದಾನೆ ಮಾಮ, ಮೋಸ” ಎಂದು ಅಂಗಡಿಯವನಿಗೆ ಶಾಪ. ಮೋಸವೇನಿಲ್ಲ. ಸಾಮಾನ್ಯ ಬ್ಲೂಟೂತಿಗೆ ಎರಡು ವೇಷ. ಬರೀ ಕೇಳಿಸುವಾಗ ಹಾಡಿನ ವೇಷ, ಸೆಕೆಂಡಿಗೆ 44,100 ಸಲ ದನಿಯ ಅಳತೆ ಹಿಡಿದು ಎಡಕಿವಿಗೊಂದು ಬಲಕಿವಿಗೊಂದು ಕಳಿಸುತ್ತದೆ. ಮೈಕೂ ಬೇಕೆಂದರೆ ವೇಷ ಕಳಚಿ ಫೋನ್ ಕರೆಯ ವೇಷಕ್ಕೆ ಇಳಿಯುತ್ತದೆ. ಅಲ್ಲಿ ಅಳತೆ 8,000, ಬಹಳವೆಂದರೆ 16,000, ಅದೂ ಎರಡು ಕಿವಿಗೂ ಒಂದೇ. ಎಡಬಲದ ಭೇದ ಹೋಯಿತೆಂದರೆ ಈ ಆಟದಲ್ಲಿ ಪ್ರಾಣವೇ ಹೋಯಿತು. ಹೆಜ್ಜೆ ಸದ್ದು ಕೇಳುತ್ತದೆ, ಯಾವ ಕಡೆಯದೆಂದು ತಿಳಿಯುವುದು ಸತ್ತ ಮೇಲೆ. ಅದಕ್ಕೇ ಹಳಬರು ಈಗಲೂ ವೈರಿನ ಇಯರ್‌ಫೋನೇ ಸರಿ ಎನ್ನುತ್ತಾರೆ. ಇಲ್ಲವೆ ಕಿವಿಗೆ ಬಡ್ಸ್, ಮಾತಿಗೆ ಫೋನಿನದೇ ಮೈಕ್ ಎಂದು ಆಟದ ಸೆಟ್ಟಿಂಗಿನಲ್ಲಿ ಆರಿಸಲು ಬಂದರೆ ಆರಿಸಬೇಕು.

ವೈರಿನದಕ್ಕೂ ಜಾತಕ ನೋಡಬೇಕು. ಪಿನ್ನಿನ ಮೇಲಿನ ಪಟ್ಟಿಗಳನ್ನು ಎಣಿಸಿ. ಎರಡೇ ಇದ್ದರೆ ಅದು ಬರೀ ಕೇಳುವ ಜಾತಿ, ಅದರಲ್ಲಿ ಮೈಕೇ ಇಲ್ಲ. ಮೂರಿದ್ದರೆ ಮಾತೂ ಉಂಟು. ಹಳೆಯ ಕಂಪ್ಯೂಟರಿಗೆ ಅದನ್ನು ಚುಚ್ಚುವುದಾದರೆ ಹಸಿರು ತೂತು ಕೇಳುವುದಕ್ಕೆ, ಗುಲಾಬಿ ತೂತು ಮಾತಾಡುವುದಕ್ಕೆ, ನಡುವೆ ಕವಲೊಡೆದ ಒಂದು ತುಂಡು ವೈರು ಬೇಕು. ಬರೀ ಹಸಿರಿಗೆ ಚುಚ್ಚಿಕೊಂಡು ಮೈಕಿಗೆ ಬಾಯಿಟ್ಟು ಅರಚುವ ಹುಡುಗನನ್ನು ಕಂಪ್ಯೂಟರು ಪಾಪ ಮನಸಾರೆ ಅಲಕ್ಷಿಸುತ್ತದೆ.

ಫೋನಿನಲ್ಲಾದರೆ ಮೊದಲು ನೋಡಬೇಕಾದ್ದು ಅನುಮತಿ. 2015ರ ಆಂಡ್ರಾಯ್ಡ್ 6ರಿಂದ ಈಚೆಗೆ ಪ್ರತಿಯೊಂದು ಆ್ಯಪ್ಪೂ ಮೈಕ್ ಮುಟ್ಟುವ ಮುಂಚೆ ಕೇಳಲೇಬೇಕು. ವಿಮಾನದಿಂದ ಹಾರುವ ಅವಸರದಲ್ಲಿ ಹುಡುಗ ಏನೋ ಅಡ್ಡ ಬಂತೆಂದು ‘ಬೇಡ’ ಒತ್ತುತ್ತಾನೆ. ಆಂಡ್ರಾಯ್ಡ್ 11 ಬಂದ ಮೇಲೆ ಆ್ಯಪ್‌ಗಳು ಸ್ವಾಭಿಮಾನಿಗಳಾಗಿವೆ. ಎರಡು ಸಲ ಬೇಡ ಎಂದರೆ ಮೂರನೇ ಸಲ ಕೇಳುವುದೇ ಇಲ್ಲ. ಆಮೇಲೆ ನಾವೇ ಸೆಟ್ಟಿಂಗ್ಸಿಗೆ ಹೋಗಿ, ಆ್ಯಪ್ ಹುಡುಕಿ, ಮೈಕ್ರೊಫೋನ್ ಅನುಮತಿಯನ್ನು ಕೈಯಾರೆ ಕೊಟ್ಟು ಬರಬೇಕು. ಆಂಡ್ರಾಯ್ಡ್ 12ರಿಂದ ಮೈಕ್ ಕೆಲಸ ಮಾಡುವಾಗ ಪರದೆಯ ಮೂಲೆಯಲ್ಲಿ ಹಸಿರು ಗುರುತು ಕಾಣುತ್ತದೆ. ಬಸ್ಕಿ ಹೊಡೆಯುವ ಬದಲು ಅದನ್ನು ನೋಡಿದರೆ ಸಾಕು. ನಡುವೆ ಯಾರಾದರೂ ಫೋನ್ ಮಾಡಿದರಂತೂ ಕರೆ ಮೈಕನ್ನು ಕಿತ್ತುಕೊಳ್ಳುತ್ತದೆ, ಕರೆ ಮುಗಿದರೂ ಎಷ್ಟೋ ಸಲ ಆಟಕ್ಕೆ ಅದು ವಾಪಸು ಸಿಗುವುದಿಲ್ಲ. ಮೈಕ್, ಸ್ಪೀಕರ್ ಎರಡನ್ನೂ ಆಫ್ ಮಾಡಿ ಆನ್ ಮಾಡಬೇಕು. ಇದನ್ನು ಅರಿಯದ ಸೋದರತ್ತೆಯರು ಸರಿಯಾಗಿ ಕೊನೇ ಝೋನಿಗೇ ಕರೆ ಮಾಡುತ್ತಾರೆ.

ಕಂಪ್ಯೂಟರಿನವರ ಗೋಳು ಬೇರೆ. ಬಾಯ ಮುಂದೆ ಬೆಲೆಬಾಳುವ ಮೈಕ್ ಇರುತ್ತದೆ, ವಿಂಡೋಸ್ ಮಾತ್ರ ವೆಬ್‌ಕ್ಯಾಮಿನ ಮೈಕನ್ನೇ ನಂಬಿ ಕೂತಿರುತ್ತದೆ. ಹುಡುಗ ತುಟಿಯ ಬಳಿ ಪಿಸುಗುಟ್ಟುತ್ತಾನೆ, ಕೇಳುವವರಿಗೆ ಅವನು ಕೊಟ್ಟಿಗೆಯಲ್ಲಿ ನಿಂತು ಮಾತಾಡಿದಂತೆ. ಸೌಂಡ್ ಸೆಟ್ಟಿಂಗಿನಲ್ಲಿ ಇನ್‌ಪುಟ್ ಯಾವುದೆಂದು ಒಮ್ಮೆ ನೋಡಿದರೆ ಮುಗಿಯಿತು. ಇದಕ್ಕಿಂತ ತಮಾಷೆಯದು ಇನ್ನೊಂದಿದೆ. ಯಾರೋ ಮಾತಾಡುತ್ತಿದ್ದಾರೆಂದು ತಿಳಿದರೆ ಉಳಿದ ಸದ್ದನ್ನು ಶೇ. 80ರಷ್ಟು ತಗ್ಗಿಸುವ ಸೌಜನ್ಯ ವಿಂಡೋಸಿಗೆ ಹುಟ್ಟುಗುಣ. ಗೆಳೆಯ “ಹುಷಾರು ಮಗಾ” ಎನ್ನುತ್ತಿದ್ದಂತೆ ಬೆನ್ನ ಹಿಂದಿನ ಗುಂಡಿನ ಸದ್ದು ಮೆಲ್ಲಗಾಗುತ್ತದೆ. “ದೂರ ಎಲ್ಲೋ ಫೈಟ್ ಆಗ್ತಿದೆ” ಎಂದುಕೊಂಡು ನಮ್ಮ ವೀರ ನೀರು ಕುಡಿಯಲು ಹೊರಡುತ್ತಾನೆ. ಸೌಂಡ್ ಕಂಟ್ರೋಲ್ ಪ್ಯಾನಲಿನ ‘ಕಮ್ಯುನಿಕೇಷನ್ಸ್’ ಪುಟದಲ್ಲಿ ‘ಏನೂ ಮಾಡಬೇಡ’ ಎಂಬ ಆಯ್ಕೆಯಿದೆ. ಜೀವ ಉಳಿಸುವ ಸೆಟ್ಟಿಂಗು.

ಈಗ ಬರೋಣ ರೋಬೋ ದನಿಗೆ. ಪಿ.ಜಿ.ಯವನು ಬಾಯಿ ತೆರೆದರೆ “ಎನಿ… ಮ್ಮ್ಮ್… ಮೇಲ್‌ಲ್‌ಲ್… ಕ್ರ್…” ಎಂದು ಬರುತ್ತದೆ. ದನಿಯನ್ನು ಸಾಮಾನ್ಯವಾಗಿ 20 ಮಿಲಿಸೆಕೆಂಡಿನ ತುಣುಕುಗಳಾಗಿ ಕತ್ತರಿಸಿ, ಸೆಕೆಂಡಿಗೆ 50ರಂತೆ ಕಳಿಸುತ್ತಾರೆ. ಮದುವೆಮನೆಯ ಪಂಕ್ತಿಯ ಲೆಕ್ಕ ಇಲ್ಲಿಯದು. ತುಸು ತಡವಾದವರಿಗೆ ಕಾಯುತ್ತಾರೆ, ಪಂಕ್ತಿ ಎದ್ದ ಮೇಲೆ ಓಡಿ ಬಂದವನಿಗೆ ಎಲೆಯಿಲ್ಲ. ತಡವಾದ ತುಣುಕನ್ನು ಎಸೆದು, ಖಾಲಿ ಜಾಗಕ್ಕೆ ಹಿಂದಿನ ಸದ್ದನ್ನೇ ಎಳೆದು ಅಂದಾಜಿನ ಮೇಲೆ ತುಂಬುತ್ತಾರೆ. ಆ ಅಂದಾಜಿನ ದನಿಯೇ ರೋಬೋ. ದನಿಯನ್ನು ಹೀಗೆ ಕಟ್ಟಿ ಬಿಚ್ಚುವ ತಂತ್ರಾಂಶಕ್ಕೆ ಕೊಡೆಕ್ ಎನ್ನುತ್ತಾರೆ. 2012ರಲ್ಲಿ ಮಾನಕವಾದ ಓಪಸ್ ಎಂಬ ಕೊಡೆಕ್ ಈ ತೇಪೆ ಕೆಲಸದಲ್ಲಿ ಜಾಣ, ಆದರೆ ತೇಪೆಯೇ ಬಟ್ಟೆಗಿಂತ ಹೆಚ್ಚಾದರೆ ಅದಾದರೂ ಏನು ಮಾಡೀತು?

“ನನ್ ನೆಟ್ ಸೂಪರ್ ಇದೆ, ರೀಲ್ಸ್ ಓಡ್ತಿದೆ” ಎಂದು ಪಿ.ಜಿ.ಯವನ ವಾದ. ರೀಲ್ಸ್ ಇಳಿದು ಬರುವ ದಾರಿ, ಮಾತು ಏರಿ ಹೋಗುವ ದಾರಿ. ಮಾತಿಗೆ ಬೇಕಾದ್ದು ಬಹಳವಿಲ್ಲ, ಸೆಕೆಂಡಿಗೆ 64 ಕಿಲೋಬಿಟ್ ಇದ್ದರೆ ಧಾರಾಳ. ಆದರೆ ಅದು ಒಂದೇ ಸಮ ಹರಿಯಬೇಕು. ಅದೇ ವೈಫೈನಲ್ಲಿ ಪಕ್ಕದ ಕೋಣೆಯವನು ಊರ ಜಾತ್ರೆಯ ವಿಡಿಯೋಗಳನ್ನೆಲ್ಲ ಅಪ್‌ಲೋಡ್ ಮಾಡುತ್ತಿದ್ದರೆ ಇವನ ಮಾತು ಸಾಲಿನಲ್ಲಿ ನಿಲ್ಲುತ್ತದೆ. ಮತ್ತೆ ಅದೇ ಸೂತ್ರ ನೋಡಿ, ಇವನಿಗೆ ಎಲ್ಲರ ಮಾತೂ ಸ್ಪಷ್ಟ, ಎಲ್ಲರಿಗೂ ಇವನೇ ಅಸ್ಪಷ್ಟ. ಅಪ್‌ಲೋಡ್ ನಿಲ್ಲಿಸುವುದು, 2.4ರ ಬದಲು 5 ಗಿಗಾಹರ್ಟ್ಸ್ ವೈಫೈ ಹಿಡಿಯುವುದು, ಕಂಪ್ಯೂಟರಾದರೆ ಕೇಬಲ್ ಚುಚ್ಚುವುದು, ಮದ್ದು ಇಷ್ಟೇ.

ಕೆಲವು ವಿಳಂಬಕ್ಕೆ ಮಾತ್ರ ಮದ್ದಿಲ್ಲ. ನ್ಯೂಜೆರ್ಸಿಯಲ್ಲಿರುವ ತನ್ನ ದೊಡ್ಡಪ್ಪನ ಮಗನ ಜೊತೆ ನಮ್ಮಕ್ಕನ ಮಗ ಶನಿವಾರ ಕಂಪ್ಯೂಟರಿನಲ್ಲಿ ಬೇರೆ ಆಟ ಆಡುತ್ತಾನೆ. ಗಾಜಿನ ಎಳೆಯೊಳಗೆ ಬೆಳಕಿನ ವೇಗ ಸೆಕೆಂಡಿಗೆ ಸುಮಾರು 2 ಲಕ್ಷ ಕಿಲೋಮೀಟರ್. ನಡುವಿನ ದೂರ 13,000ಕ್ಕೂ ಮೇಲೆ. ನೆಟ್ಟಗೆ ಹೋದರೂ 65 ಮಿಲಿಸೆಕೆಂಡ್, ಸಮುದ್ರದಡಿಯ ಕೇಬಲ್ ನೆಟ್ಟಗೆ ಹೋಗುವುದೂ ಇಲ್ಲ, ಮೇಲೆ ದಾರಿಯುದ್ದಕ್ಕೂ ಯಂತ್ರಗಳ ತಪಾಸಣೆ. ಒಂದು ದಿಕ್ಕಿನ ವಿಳಂಬ 150 ಮಿಲಿಸೆಕೆಂಡ್ ದಾಟದಿದ್ದರೆ ಮಾತುಕತೆಗೆ ತೊಂದರೆಯಿಲ್ಲ ಎಂಬುದು ಅಂತಾರಾಷ್ಟ್ರೀಯ ದೂರಸಂಪರ್ಕ ಒಕ್ಕೂಟದ ಶಿಫಾರಸು. ದಾಟಿತೆಂದರೆ ಇಬ್ಬರೂ ಒಟ್ಟಿಗೆ ಶುರು ಮಾಡುತ್ತಾರೆ, ಒಟ್ಟಿಗೆ ನಿಲ್ಲಿಸುತ್ತಾರೆ. “ಹೇಳು, ಹೇಳು.” “ಇಲ್ಲಣ್ಣ, ನೀವ್ ಹೇಳಿ.” ಶತ್ರುವಿಗೆ ಇಂಥ ಸಂಸ್ಕಾರವಂತರು ಎಲ್ಲಿ ಸಿಗಬೇಕು?

ಹಾಗೆಂದು ಹಿಂದಿನವರೇ ಸುಖವಾಗಿದ್ದರು ಎನ್ನಬೇಡಿ. 2002ರ ನವೆಂಬರಿನಲ್ಲಿ ಅಮೆರಿಕದಲ್ಲಿ ಎಕ್ಸ್‌ಬಾಕ್ಸ್ ಲೈವ್ ಶುರುವಾದಾಗ ಚಂದಾದಾರಿಕೆಯ ಪೆಟ್ಟಿಗೆಯೊಳಗೇ ಒಂದು ಹೆಡ್‌ಸೆಟ್ ಇಟ್ಟು ಕೊಟ್ಟರು. ಅದಕ್ಕೂ ಮುಂಚೆ ಬಹುತೇಕ ಮಂದಿ ಟೈಪ್ ಮಾಡುತ್ತಿದ್ದರು. ‘ನಿನ್ನ ಹಿಂದೆ’ ಎಂದು ಬರೆದು ಮುಗಿಸುವಷ್ಟರಲ್ಲಿ ಬರೆದವನೂ ಇರುತ್ತಿರಲಿಲ್ಲ, ಓದಬೇಕಾದವನೂ ಇರುತ್ತಿರಲಿಲ್ಲ.

ಇಷ್ಟೆಲ್ಲ ಸರಿಮಾಡಿದ ಮೇಲೂ ಒಂದು ಜಾತಿಯ ಕಿವುಡು ಉಳಿಯುತ್ತದೆ. ಅದಕ್ಕೆ ವೈರಿಲ್ಲ, ಅನುಮತಿಯಿಲ್ಲ, ಕೊಡೆಕ್ ಇಲ್ಲ. “ನಾಕ್ ಆದೆ, ರಿವೈವ್ ಕೊಡೋ” ಎಂದು ಹಾಸನದವನು ನೆಲದ ಮೇಲೆ ತೆವಳುತ್ತ ಮೊರೆಯಿಡುತ್ತಾನೆ. ದಾವಣಗೆರೆಯಿಂದ ಉತ್ತರವಿಲ್ಲ. ಆಮೇಲೆ ಕೇಳಿದರೆ “ವಾಯ್ಸ್ ಬರ್ಲಿಲ್ಲ ಮಗಾ, ನೆಟ್ ಪ್ರಾಬ್ಲಂ” ಎನ್ನುತ್ತಾನೆ. ಆಫೀಸಿನ ಆನ್‌ಲೈನ್ ಮೀಟಿಂಗಿನಲ್ಲಿ ‘ಈ ಕೆಲಸ ಯಾರು ತಗೋತೀರಿ’ ಎಂದಾಗ ಬರುವುದೂ ಇದೇ ನೆಟ್ ಪ್ರಾಬ್ಲಂ. ನಿಜವಾದ ತೊಂದರೆಗಳು ಇರುವವರೆಗೆ ಇದಕ್ಕೆ ಮರೆಯುಂಟು, ಆದ್ದರಿಂದಲೇ ಕೆಲವರು ಮೈಕ್ ರಿಪೇರಿಗೆ ಉತ್ಸಾಹ ತೋರಿಸುವುದಿಲ್ಲ. ಪರೀಕ್ಷೆ ಸುಲಭ. ಮೈಕಿಗೆ ಬಾಯಿ ಹತ್ತಿರ ತರಬೇಡಿ, ಕೂಗಬೇಡಿ. ತೀರಾ ಮೆಲ್ಲಗೆ, ನಿಮ್ಮಷ್ಟಕ್ಕೇ ಎಂಬಂತೆ, “ಓಹೋ, ಡ್ರಾಪಿನಲ್ಲಿ ಎಡಬ್ಲ್ಯೂಎಂ ಗನ್ ಬಿದ್ದಿದೆ” ಎನ್ನಿ. ದಾವಣಗೆರೆಯವನು ಗಾಡಿ ಹತ್ತಿ ಬಂದು ನಿಂತರೆ ಅವನ ಬ್ಲೂಟೂತು, ವೈಫೈ, ಅನುಮತಿ, ಸ್ಪೀಕರು ಎಲ್ಲ ಸುಸ್ಥಿತಿಯಲ್ಲಿವೆ. ಮುಂದಿನ ಆಟಕ್ಕೆ ಬೇರೆ ಸ್ಕ್ವಾಡ್ ಹುಡುಕಿಕೊಳ್ಳಿ.