ಒಂದಂಕಣದ ರಾಯಭಾರಿ

ಬೆಂಗಳೂರಿನ ಕಲಾಸಿಪಾಳ್ಯದ ಬಸ್ ನಿಲ್ದಾಣಕ್ಕೆ ಬೆನ್ನುಮಾಡಿ ನಿಂತ ವಠಾರವೊಂದರಲ್ಲಿ, ಒಂದೇ ಅಂಕಣದ ಮನೆಯಲ್ಲಿ, ಆರನೆಯ ವಯಸ್ಸಿಗೇ ನಾನು ರಾಯಭಾರಿಯ ಪದವಿಯನ್ನಲಂಕರಿಸಿದೆನೆಂದರೆ ನಂಬುವವರು ವಿರಳ. ತಂದೆಯವರ ಜೇಬಿಗೂ ತಿಂಗಳ ಕೊನೆಗೂ ಜನ್ಮವೈರವಿದ್ದುದರಿಂದ, ಇಪ್ಪತ್ತನೆಯ ತಾರೀಖು ಕಳೆಯಿತೆಂದರೆ ಅಪ್ಪ ಅಮ್ಮಂದಿರ ನಡುವೆ ಮಾತು ನಿಂತುಹೋಗುತ್ತಿತ್ತು. 1905ರಲ್ಲಿಯೇ ವಿದ್ಯುದ್ದೀಪವನ್ನು ಕಂಡು ಬೀಗಿದ ಈ ನಗರದಲ್ಲಿ, ನಮ್ಮ ಮನೆಯ ದೀಪವೂ ಒಮ್ಮೊಮ್ಮೆ ಬಾಕಿ ಹಣದ ದೆಸೆಯಿಂದ ಅವರೊಡನೆ ಮೌನವ್ರತ ಹಿಡಿಯುತ್ತಿತ್ತು.

“ನಿಮ್ಮಪ್ಪನಿಗೆ ಹೇಳೋ, ಸಾರು ಆರಿಹೋಗ್ತಾ ಇದೆ ಅಂತ” ಎಂದು ಅಮ್ಮ ಒಲೆಯ ಮುಂದಿನಿಂದ ನುಡಿದರೆ, ಮಾರು ದೂರದಲ್ಲಿ ಕುಳಿತ ಅಪ್ಪ ಅದನ್ನು ಸುಸ್ಪಷ್ಟವಾಗಿ ಕೇಳಿಯೂ, ನಾನು ಹೋಗಿ ವಿಧಿವತ್ತಾಗಿ ನಿವೇದಿಸುವವರೆಗೆ ಪತ್ರಿಕೆಯಿಂದ ತಲೆಯೆತ್ತುತ್ತಿರಲಿಲ್ಲ. ಶ್ರೀಕೃಷ್ಣನ ಸಂಧಾನವೇ ಮುರಿದುಬಿದ್ದಿರುವಾಗ ನನ್ನದೇನು ಮಹಾ ಎಂದು ಮೊದಮೊದಲು ಯಥಾವತ್ತಾಗಿಯೇ ಒಪ್ಪಿಸುತ್ತಿದ್ದೆ; ಕ್ರಮೇಣ ಕಲಾವಿದನಾದೆ. “ಉಪ್ಪು ಜಾಸ್ತಿಯಾಯಿತು ಅಂತ ಹೇಳು” ಎಂಬುದು ನನ್ನ ಬಾಯಲ್ಲಿ, “ಸಾರು ಅಮೃತವಂತೆ, ಸಂಜೆ ಮಲ್ಲಿಗೆ ತರ್ತಾರಂತೆ” ಎಂದಾಗಿಬಿಡುತ್ತಿತ್ತು. ಅಪ್ಪ ಪತ್ರಿಕೆಯ ಮರೆಯಲ್ಲಿ ಕೆಮ್ಮಿ, ಸಂಜೆ ಕೃಷ್ಣರಾಜೇಂದ್ರ ಮಾರುಕಟ್ಟೆಯಿಂದ ಮೊಳ ಮಲ್ಲಿಗೆಯನ್ನು ಸಾಲಕ್ಕೆ ತಂದು, “ನಿಮ್ಮಮ್ಮನಿಗೆ ಕೊಡು” ಎನ್ನುತ್ತಿದ್ದರು. ನನ್ನ ದಳ್ಳಾಳಿ ಬಾಬ್ತು ಎರಡು ಹಿಡಿ ಕಡಲೆಪುರಿ. ಅದೂ ಎಷ್ಟೋ ಸಲ ಬಾಕಿ.