ಟಿಪ್ಪರ್ ಬಿಡಿಸಿಕೊಳ್ಳಲು ಹೊರಟವರಿಗೆ ಸಿದ್ಧಕಟ್ಟೆಯಿಂದ ಬಹಿರಂಗ ಪತ್ರ

ಹೊಯ್ಗೆ ಸಾಗಿಸುವ ಟಿಪ್ಪರ್‌ಗಳ ಮಾಲಕರೇ,

ಬಂಟ್ವಾಳ, ಬೆಳ್ತಂಗಡಿ, ಮೂಡುಬಿದಿರೆ ಕಡೆ ಅಕ್ರಮ ಮರಳು ಕೇಸಿನಲ್ಲಿ ಜಪ್ತಿಯಾದ ಗಾಡಿಯನ್ನು ಬಿಟ್ಟುಕೊಡಿ ಎಂದು ಕೋರ್ಟಿಗೆ ಅರ್ಜಿ ಹಾಕುವ ಎಲ್ಲರಿಗೂ ಈ ಪತ್ರ. ನಿಮ್ಮ ಅರ್ಜಿಗೆ ನನ್ನ ವಿರೋಧವಿಲ್ಲ. ಠಾಣೆಯ ಅಂಗಳದಲ್ಲಿ ನಮ್ಮೂರಿನ ಮಳೆಗೆ ನಿಂತ ಗಾಡಿಯ ತೊಟ್ಟಿ ತುಕ್ಕು ಹಿಡಿಯುತ್ತದೆ, ಟಯರು ಹಾಳಾಗುತ್ತದೆ, ಬ್ಯಾಂಕಿನ ಕಂತು ಮಾತ್ರ ನಿಲ್ಲುವುದಿಲ್ಲ. ಇದರಿಂದ ಫಲ್ಗುಣಿ ಹೊಳೆಗೆ ಒಂದು ಬುಟ್ಟಿ ಹೊಯ್ಗೆಯೂ ವಾಪಸು ಬರುವುದಿಲ್ಲ.

ಸುಪ್ರೀಂ ಕೋರ್ಟ್ ಕೂಡ ಸುಂದರಭಾಯಿ ಅಂಬಾಲಾಲ್ ದೇಸಾಯಿ ಪ್ರಕರಣದಲ್ಲಿ 2002ರಲ್ಲೇ ಹೇಳಿದೆ: ಜಪ್ತಿ ವಾಹನವನ್ನು ಠಾಣೆಯಲ್ಲಿ ದೀರ್ಘ ಕಾಲ ಇಟ್ಟುಕೊಳ್ಳಬೇಡಿ, ಬಾಂಡ್ ಮತ್ತು ಭದ್ರತೆ ಪಡೆದು ಬಿಡಿ. ನಿಮ್ಮ ವಕೀಲರು ಮೊದಲು ಎತ್ತುವುದು ಈ ತೀರ್ಪನ್ನೇ, ಎತ್ತಬೇಕಾದದ್ದೇ. ಆದರೆ 1957ರ ಗಣಿ ಮತ್ತು ಖನಿಜ ಕಾಯ್ದೆಯ 21ನೇ ಕಲಮನ್ನೂ ಓದಿ. ಪರವಾನಿಗೆ ಇಲ್ಲದೆ ಖನಿಜ ಸಾಗಿಸಿದ ವಾಹನವನ್ನು ಕೋರ್ಟು ಮುಟ್ಟುಗೋಲು ಹಾಕಿಕೊಳ್ಳಬಹುದು, ಶಿಕ್ಷೆ ಐದು ವರ್ಷದವರೆಗೂ ಹೋಗಬಹುದು. ದಂಡ ಕಟ್ಟಿ ರಾಜಿಯಾದರೆ ಎಲ್ಲ ಮುಗಿಯಿತು ಅಂದುಕೊಳ್ಳಲೂ ಆಗದು. ರಾಜಿಯಾದ ಮಾತ್ರಕ್ಕೆ ಕಳ್ಳತನದ ಕೇಸು ಬಿದ್ದುಹೋಗುವುದಿಲ್ಲ ಎಂದು 2020ರ ಡಿಸೆಂಬರಿನಲ್ಲಿ ಜಯಂತ್ ಪ್ರಕರಣದಲ್ಲಿ ಅದೇ ಸುಪ್ರೀಂ ಕೋರ್ಟ್ ಸ್ಪಷ್ಟಪಡಿಸಿದೆ.

ನನ್ನ ತಕರಾರು ಇರುವುದು ನೀವು ಬರೆಸುವ ಒಂದು ಸಾಲಿನ ಬಗ್ಗೆ. ಗಾಡಿ ಬಾಡಿಗೆಗೆ ಹೋಗಿತ್ತು, ಹೊಯ್ಗೆ ಎಲ್ಲಿಯದೆಂದು ಮಾಲಕನಿಗೆ ತಿಳಿಯದು ಎಂಬ ಸಾಲು. ಇದನ್ನು ಬರೆಸಬೇಡಿ. ಹೊಯ್ಗೆ ಲೋಡಾದ ಹೊಳೆದಡದ ದಕ್ಕೆ ಯಾವುದು, ರಾತ್ರಿ ದೋಣಿ ಯಾರದ್ದು ಬಂತು, ಯಾವ ಮನೆಯ ಅಂಗಳದಲ್ಲಿ ಇಳಿಯಬೇಕಿತ್ತು, ಇವೆಲ್ಲ ಫೋನಿನಲ್ಲೇ ಮಾತಾಗಿರುತ್ತವೆ. ಗೊತ್ತಿಲ್ಲವೆಂದು ನೀವು ಬರೆದ ಮೇಲೆ ಮಹಜರಿನಲ್ಲಿ ಉಳಿಯುವುದು ಚಾಲಕನ ಹೆಸರೊಂದೇ. ತಿಂಗಳ ಸಂಬಳಕ್ಕೆ ಸ್ಟೇರಿಂಗ್ ಹಿಡಿದವನು ಜಾಮೀನಿಗೆ ಜನ ಹುಡುಕುತ್ತಾನೆ. ದಕ್ಕೆಯವನು ಮರುದಿನ ಬೇರೆ ಗಾಡಿಗೆ ತುಂಬಿಸುತ್ತಾನೆ.

ಹೀಗೆ ಹೊಯ್ಗೆ ತೆಗೆಯುತ್ತಲೇ ಹೋದರೆ ಫಲ ಏನೆಂದು ನಮ್ಮ ತಾಲೂಕಿನವರಿಗೆ ಬೇರೆ ಕಡೆಯವರು ಹೇಳಬೇಕಾಗಿಲ್ಲ. 2018ರ ಜೂನ್ 25ರ ಸಂಜೆ ಮೂಲರಪಟ್ನದ ಸೇತುವೆ ಕುಸಿದು ಫಲ್ಗುಣಿಗೆ ಬಿತ್ತು. ಕಂಬಗಳ ಬುಡದ ಹೊಯ್ಗೆ ತೆಗೆದದ್ದೇ ಕಾರಣ ಎಂದು ಊರಿನವರು ಅಂದೇ ದೂರಿದರು. ಜೀವಹಾನಿ ಆಗಲಿಲ್ಲ, ಅದು ನಮ್ಮ ಪುಣ್ಯ. ಆದರೆ ಬಂಟ್ವಾಳಕ್ಕೂ ಕುಪ್ಪೆಪದವಿಗೂ ನಡುವಿನ ದಾರಿ ಕಡಿದುಹೋಯಿತು. ಶಾಲೆಯ ಮಕ್ಕಳು, ಕೂಲಿಗೆ ಹೋಗುವವರು, ಆಸ್ಪತ್ರೆಗೆ ಹೊರಟವರು ಹೊಸ ಸೇತುವೆ ಆಗುವವರೆಗೆ ಸುತ್ತುಬಳಸಿ ಹೋದರು. ಸೇತುವೆಯ ನಷ್ಟ ಕಣ್ಣಿಗೆ ಕಂಡಿತು. ಕಾಣದ ನಷ್ಟ ಬಾವಿಗಳದ್ದು. ಮಳೆಗಾಲದ ನೀರನ್ನು ಹಿಡಿದಿಟ್ಟು ಬೇಸಿಗೆಯಲ್ಲಿ ನಿಧಾನವಾಗಿ ಬಿಟ್ಟುಕೊಡುವುದು ಹೊಳೆಯ ಹೊಯ್ಗೆಯೇ. ಅದು ಹೋಗಿ ಹೊಳೆಯ ತಳ ಇಳಿದರೆ ದಡದ ಬಾವಿಯ ನೀರೂ ಇಳಿಯುತ್ತದೆ, ಮಾರ್ಚ್ ಏಪ್ರಿಲಿನಲ್ಲಿ ಅಡಕೆ ತೋಟದ ಪಂಪು ಗಾಳಿ ಎಳೆಯುತ್ತದೆ.

ಪರ್ಮಿಟ್ ಹೊಯ್ಗೆ ಸಿಗುವುದಿಲ್ಲ, ಸಿಕ್ಕರೂ ದುಬಾರಿ, ಜನ ಮನೆ ಕಟ್ಟುವುದು ಹೇಗೆ ಎಂದು ನೀವು ಕೇಳುತ್ತೀರಿ. ಆ ಮಾತಿನಲ್ಲಿ ಸತ್ಯವಿದೆ. ಐದು ಹೆಕ್ಟೇರಿಗಿಂತ ಚಿಕ್ಕ ಗುತ್ತಿಗೆಗೂ ಪರಿಸರ ಅನುಮತಿ ಬೇಕೆಂದು 2012ರಲ್ಲಿ ದೀಪಕ್ ಕುಮಾರ್ ಪ್ರಕರಣದಲ್ಲಿ ತೀರ್ಮಾನವಾಗಿದೆ. ಆ ಅನುಮತಿಯ ಕೆಲಸವನ್ನು ಹೊತ್ತಿಗೆ ಸರಿಯಾಗಿ ಮುಗಿಸಿ ಸಾಮಾನ್ಯರ ಕೈಗೆಟಕುವ ದರದಲ್ಲಿ ಹೊಯ್ಗೆ ಕೊಡುವುದು ಸರಕಾರದ ಕೆಲಸ. ಆ ಒತ್ತಾಯಕ್ಕೆ ನಾನು ನಿಮ್ಮೊಂದಿಗೆ ಜಿಲ್ಲಾಧಿಕಾರಿ ಕಚೇರಿಗೆ ಬರಲು ತಯಾರು. ಅನುಮತಿ ತಡವಾಯಿತೆಂದು ಸೇತುವೆಯ ಬುಡ ಅಗೆಯುವುದನ್ನು ಮಾತ್ರ ಒಪ್ಪಲಾರೆ.

ಆದ್ದರಿಂದ ಮುಂದಿನ ವಿಚಾರಣೆಯ ದಿನ ಗಾಡಿ ಕೇಳಿ. ಜೊತೆಗೆ ಲೋಡಾದ ದಕ್ಕೆಯ ಹೆಸರನ್ನು ವಕೀಲರ ಮೂಲಕ ಲಿಖಿತವಾಗಿ ಕೊಡಿ. ಚಾಲಕನ ಜಾಮೀನಿನ ಖರ್ಚು ನೀವೇ ನೋಡಿಕೊಳ್ಳಿ. ದಕ್ಕೆಯವರು ಬೆದರಿಸಿಯಾರು ಎಂಬ ಹೆದರಿಕೆ ನಿಮಗಿದ್ದರೆ ಅದನ್ನೂ ಅರ್ಜಿಯಲ್ಲಿ ಬರೆಯಿರಿ. ಆ ದಕ್ಕೆಯನ್ನು ಕಂಡ ಊರಿನವರ ಸಾಕ್ಷಿ ಬೇಕೆಂದು ಕೋರ್ಟು ಕೇಳಿದರೆ, ಬಂದು ಹೇಳುತ್ತೇನೆ.

ಇತಿ,
ಸಿದ್ಧಕಟ್ಟೆಯ ಒಬ್ಬ ನಿವಾಸಿ