ತೇಲುದ್ವೀಪಗಳ ಆಡಳಿತದಲ್ಲಿ ವಾಯುಮಾಂತ್ರಿಕರ ಸಂಘದ ಪಾತ್ರ: ಒಂದು ಅಧ್ಯಯನ

ಆಕಾಶದಲ್ಲಿ ತೇಲುವ ದ್ವೀಪಗಳು ಇವೆಯೇ ಎಂಬ ಪ್ರಶ್ನೆಯನ್ನು ಈ ಪ್ರಬಂಧ ಎತ್ತುವುದಿಲ್ಲ. ಅಂಥ ಬಾಲಿಶ ಪ್ರಶ್ನೆಗಳಿಂದಲೇ ನಮ್ಮ ಸಂಶೋಧನಾ ಕ್ಷೇತ್ರ ಹಿಂದೆ ಬಿದ್ದಿರುವುದು. ದ್ವೀಪಗಳಿವೆ, ಗಾಳಿಯ ಮಂತ್ರ ಬಲ್ಲವರ ಸಂಘವೊಂದು ಅವನ್ನು ಆಳುತ್ತದೆ, ಆ ಸಂಘಕ್ಕೊಂದು ಕಚೇರಿ, ಕಚೇರಿಗೊಂದು ದೀರ್ಘವಾದ ಊಟದ ವಿರಾಮ ಇದೆ. ವಿಚಾರಿಸಬೇಕಾದದ್ದು ಇಷ್ಟೇ: ಮೇಲೆ ಕೂತವರು ಕೆಳಗಿನವರನ್ನು ಆಳುವುದು ಯಾವ ಬಲದಿಂದ? ಮಂತ್ರಬಲದಿಂದ ಎಂಬುದು ಪೂರ್ವಸೂರಿಗಳ ಮತ. ಅದು ಅಗ್ರಾಹ್ಯ.

ಸಂಘದ ಮೂಲಪುರುಷ ಗ್ರೀಕರ ಇಯೋಲಸ್. ಹೋಮರನ 'ಒಡಿಸ್ಸಿ'ಯ ಹತ್ತನೆಯ ಭಾಗದಲ್ಲಿ ಆತ ಕಂಚಿನ ಗೋಡೆಯುಳ್ಳ ತೇಲುದ್ವೀಪದಲ್ಲಿ ಸಂಸಾರ ಹೂಡಿಕೊಂಡಿದ್ದಾನೆ. ಗಾಳಿಗಳ ಉಸ್ತುವಾರಿ ಅವನಿಗೆ ಜ್ಯೂಸ್ ಕೊಟ್ಟದ್ದು. ಪರೀಕ್ಷೆ, ಸಂದರ್ಶನ ನಡೆದ ಉಲ್ಲೇಖವಿಲ್ಲ. ಆರು ಗಂಡು, ಆರು ಹೆಣ್ಣು ಮಕ್ಕಳು. ಅವರವರಲ್ಲೇ ಮದುವೆ ಮಾಡಿಸಿ ಹುದ್ದೆ ಮನೆಯ ಹೊಸ್ತಿಲು ದಾಟದಂತೆ ನೋಡಿಕೊಂಡ. ಊರಿಗೆ ಹೊರಟ ಕಥಾನಾಯಕ ಒಡಿಸ್ಯೂಸ್‌ಗೆ ಪಡುವಣ ಗಾಳಿಯೊಂದನ್ನು ಬಿಟ್ಟು ಮಿಕ್ಕವನ್ನೆಲ್ಲ ಎತ್ತಿನ ಚರ್ಮದ ಚೀಲದಲ್ಲಿ ತುಂಬಿ, ಬೆಳ್ಳಿಯ ಹುರಿಯಿಂದ ಬಿಗಿದು ಕೊಟ್ಟ. ಹತ್ತನೆಯ ದಿನ ಊರು ಕಣ್ಣಿಗೆ ಬಿತ್ತು. ಆಗ ಯಜಮಾನ ನಿದ್ದೆಹೋದ. ಚೀಲದಲ್ಲಿ ಚಿನ್ನವಿದೆಯೆಂದು ಸಂಗಡಿಗರು ಗಂಟು ಬಿಚ್ಚಿದರು. ಹಡಗು ಹೊರಟಲ್ಲಿಗೇ ವಾಪಸು. ಎರಡನೆಯ ಅರ್ಜಿಯನ್ನು ಇಯೋಲಸ್ ತೆಗೆದುಕೊಳ್ಳಲೇ ಇಲ್ಲ: ದೇವತೆಗಳಿಗೆ ಬೇಡವಾದವನು ನೀನು, ನಡೆ ಆಚೆ! ಒಮ್ಮೆ ಮಂಜೂರಾದ ಗಾಳಿ ಮರುಮಂಜೂರಾಗದು ಎಂಬ ನಿಯಮ ಅಂದಿನಿಂದ ಚಾಲ್ತಿಯಲ್ಲಿದೆ.

ಸಂಘ ಹುಟ್ಟಿದ್ದು ನಮ್ಮಲ್ಲೇ ಎಂದು ಸಾಧಿಸುವ ಇನ್ನೊಂದು ಪಂಗಡವುಂಟು. ಸದಸ್ಯತ್ವ ಶುಲ್ಕ ಕಡಿಮೆಯಿರುವ ಕಾರಣ ಪ್ರಬಂಧಕಾರನೂ ಅದರಲ್ಲಿದ್ದಾನೆ. ದಿತಿಯ ಗರ್ಭದ ಒಂದೇ ಶಿಶುವನ್ನು ಇಂದ್ರ ಏಳಾಗಿ ಸೀಳಿ, ಒಂದೊಂದನ್ನೂ ಮತ್ತೆ ಏಳಾಗಿ ಸೀಳಿದ್ದರಿಂದ 49 ಮರುತ್ತುಗಳಾದರು. ಪೌರಾಣಿಕರು ಇದನ್ನು ಹೊಟ್ಟೆಕಿಚ್ಚಿನ ಕಥೆಯೆನ್ನುತ್ತಾರೆ. ಇದು ವಿಭಾಗೀಯ ಕಚೇರಿಗಳ ಸ್ಥಾಪನೆಯಲ್ಲದೆ ಬೇರೇನು? ಒಬ್ಬನೇ ಇದ್ದಿದ್ದರೆ ಬೀಸುತ್ತಿದ್ದ. 49 ಮಂದಿಯಾದ ಮೇಲೆ ಯಾರು ಬೀಸಬೇಕೆಂದು ಕೇಳಿ ಬರೆಯಬೇಕಾಯಿತು. ತ್ರಿಪುರದ್ದೂ ಆಡಳಿತದ ಸೋಲೇ. ತಾರಕನ ಮೂವರು ಮಕ್ಕಳಿಗೆ ಚಿನ್ನ, ಬೆಳ್ಳಿ, ಕಬ್ಬಿಣದ ಮೂರು ಸಂಚಾರಿ ಪುರಗಳಿದ್ದವು. ಸಾವಿರ ವರ್ಷಕ್ಕೊಮ್ಮೆ ಮಾತ್ರ ಮೂರೂ ಒಂದಾಗುತ್ತಿದ್ದವು. ಅದು ಸರ್ವಸದಸ್ಯರ ವಾರ್ಷಿಕ ಸಭೆಯೆಂಬುದು ನಮ್ಮ ಊಹೆ. ಕೋರಂ ಆಗುವುದಕ್ಕೆ ಅಷ್ಟು ಕಾಲ ಬೇಕಾಗುತ್ತಿತ್ತು. ಶಿವ ಆ ಗಳಿಗೆಗೇ ಕಾದಿದ್ದು ಒಂದೇ ಬಾಣದಲ್ಲಿ ಮುಗಿಸಿದ. ಎಲ್ಲ ಸದಸ್ಯರೂ ಹಾಜರಾದ ಮೊದಲ ಸಭೆಯೇ ಕೊನೆಯದಾಯಿತು.

ಇನ್ನು ವರಮಾನ. 1555ರಲ್ಲಿ ರೋಮಿನಲ್ಲಿ ಅಚ್ಚಾದ ಉತ್ತರದೇಶಗಳ ಚರಿತ್ರೆಯಲ್ಲಿ ಓಲಾಸ್ ಮ್ಯಾಗ್ನಸ್ ಎಂಬ ಸ್ವೀಡನ್ನಿನ ಪಾದ್ರಿ, ಫಿನ್ನರು ನಾವಿಕರಿಗೆ ಗಾಳಿ ಮಾರುತ್ತಿದ್ದ ಬಗೆಯನ್ನು ಬರೆದಿದ್ದಾನೆ. ಹಗ್ಗಕ್ಕೆ ಮೂರು ಗಂಟು. ಮೊದಲನೆಯದನ್ನು ಬಿಚ್ಚಿದರೆ ಹಿತವಾದ ಗಾಳಿ, ಎರಡನೆಯದಕ್ಕೆ ಜೋರುಗಾಳಿ, ಮೂರನೆಯದಕ್ಕೆ ಹಡಗು ಮುಳುಗಿಸುವ ಬಿರುಗಾಳಿ. ದುಡ್ಡು ಮೂರಕ್ಕೂ ಸೇರಿಯೇ. ಬೇಡದ ಮೂರನೆಯ ಗಂಟನ್ನೂ ಗಿರಾಕಿಯ ತಲೆಗೆ ಕಟ್ಟುವ ಈ ಜಾಣತನ ಇಂದಿಗೂ ಅಳಿದಿಲ್ಲ. ಹಾಲೆಂಡಿನಲ್ಲಿ ಸನ್ಯಾಸಿಗಳು ಗಾಳಿಗಿರಣಿ ಕಟ್ಟಹೊರಟಾಗ, ಈ ಸೀಮೆಯ ಗಾಳಿ ನನ್ನದೆಂದು ಅಲ್ಲಿನ ಜಮೀನುದಾರ ತಡೆದನಂತೆ. ಇಡೀ ಪ್ರಾಂತದ ಗಾಳಿಯೇ ನನ್ನದೆಂದು ಉಟ್ರೆಕ್ಟಿನ ಬಿಷಪ್ ಸಿಟ್ಟಿಗೆದ್ದು, 1391ರಲ್ಲಿ ಸನ್ಯಾಸಿಗಳಿಗೆ ಅನುಮತಿಪತ್ರ ಬರೆದುಕೊಟ್ಟನಂತೆ. ಗಾಳಿಯನ್ನು ಯಾರೂ ಕೇಳಲಿಲ್ಲ. ನಮ್ಮ ಅಯ್ಯಾವೊಳೆಯ ಐನೂರ್ವರೂ ದೊಡ್ಡ ವರ್ತಕ ಸಂಘದವರೇ. ಅವರ ಶಾಸನಗಳಲ್ಲಿ ಆನೆ, ಕುದುರೆ, ರತ್ನ, ಶ್ರೀಗಂಧ, ಕರ್ಪೂರ ಎಲ್ಲ ಬರುತ್ತವೆ, ಗಾಳಿ ಮಾತ್ರ ಬರುವುದಿಲ್ಲ. ಕಲ್ಲಿನಲ್ಲಿ ಕಾಣದ್ದು ಇದ್ದೇ ಇತ್ತೆಂದು ಸಾಧಿಸುವುದು ಸಂಶೋಧಕನ ಧರ್ಮವಾದರೂ, ಇಲ್ಲಿ ನಾವು ಸುಮ್ಮನಾಗುತ್ತೇವೆ. ತೂಗಲಾಗದ ಸರಕಿಗೆ ಸುಂಕ ಹೇಗೆ ಹಾಕುವುದು?

ಈಗ ಮುಖ್ಯ ದಾಖಲೆಗೆ ಬರೋಣ. 1726ರಲ್ಲಿ ಬಂದ 'ಗಲಿವರನ ಪ್ರವಾಸ'ದಲ್ಲಿ ಜೊನಾಥನ್ ಸ್ವಿಫ್ಟ್ ಲಪ್ಯೂಟ ಎಂಬ ಹಾರುವ ದ್ವೀಪವನ್ನು ಅಳತೆಸಮೇತ ವರ್ಣಿಸಿದ್ದಾನೆ: ವ್ಯಾಸ 7,837 ಗಜ, ದಪ್ಪ 300 ಗಜ. ಅದನ್ನು ನಡೆಸುವುದು ಗಾಳಿಯಲ್ಲ, ಸೂಜಿಗಲ್ಲು ಎನ್ನುತ್ತಾನೆ; ಸಂಘದ ಗುಟ್ಟು ಕಾಯಲು ಹಾಗೆ ಬರೆದಿರಬೇಕು. ಕೆಳಗಿನ ಊರು ದಂಗೆಯೆದ್ದರೆ ರಾಜ ದ್ವೀಪವನ್ನು ಅದರ ನೆತ್ತಿಯ ಮೇಲೆ ನಿಲ್ಲಿಸಿ ಬಿಸಿಲು, ಮಳೆ ತಡೆಯುತ್ತಾನೆ. ಬಗ್ಗದಿದ್ದರೆ ಮೇಲಿನಿಂದ ಕಲ್ಲು. ಅದಕ್ಕೂ ಬಗ್ಗದಿದ್ದರೆ ದ್ವೀಪವನ್ನೇ ಊರಿನ ಮೇಲೆ ಇಳಿಸಬಹುದು, ಆದರೆ ಇಳಿಸುವುದಿಲ್ಲ. ಮಂತ್ರಿಗಳ ಜಮೀನೆಲ್ಲ ಕೆಳಗೇ ಇದೆ! ಜೊತೆಗೆ ಊರಿನ ಗೋಪುರ ಚುಚ್ಚಿ ದ್ವೀಪದ ತಳ ಒಡೆದೀತೆಂಬ ಭಯ. ಅಷ್ಟೇ ಅಲ್ಲ, ಸೂಜಿಗಲ್ಲನ್ನು ಎತ್ತಿಹಿಡಿಯುವ ಖನಿಜ ಇರುವುದು ಆ ರಾಜ್ಯದ ಮಣ್ಣಿನಲ್ಲಿ ಮಾತ್ರ. ಗಡಿ ದಾಟಿದರೆ ದ್ವೀಪ ಹಾರದು. ಲಿಂಡಲಿನೊ ಊರಿನವರು ಇದನ್ನೆಲ್ಲ ಅರಿತವರು. ನಾಲ್ಕು ಗೋಪುರ ಕಟ್ಟಿ, ತುದಿಗೆ ಸೂಜಿಗಲ್ಲಿಟ್ಟು, ಉರಿಯುವ ಸರಕು ಕೂಡಿಟ್ಟು ಕಾದರು. ರಾಜ ಅವರ ಷರತ್ತಿಗೆಲ್ಲ ಒಪ್ಪಿದ. ಆ ದಂಗೆಯ ಭಾಗ ಅಚ್ಚಾದದ್ದು 1899ರಲ್ಲಿ, ಸ್ವಿಫ್ಟ್ ಸತ್ತು ಒಂದೂವರೆ ಶತಮಾನ ದಾಟಿದ ಮೇಲೆ. ಮೇಲಿನವರ ತಳ ಎಷ್ಟು ತೆಳುವೆಂದು ಕೆಳಗಿನವರಿಗೆ ತಿಳಿಯಬಾರದೆಂಬ ಎಚ್ಚರ ಪ್ರಕಾಶಕರಿಗೂ ಇತ್ತು.

ಮಂತ್ರದ ಮಾತು ಹಾಗಿರಲಿ, ತೇಲುವುದಕ್ಕೆ ನೆಲ ಬೇಕು. ನಂಬದವರು ಮಣಿಪುರದ ಲೋಕ್ಟಾಕ್ ಸರೋವರ ನೋಡಬೇಕು. ಅಲ್ಲಿ ಹುಲ್ಲು, ಬೇರು, ಕೊಳೆತ ಮಣ್ಣು ಹೆಣೆದುಕೊಂಡ ಫುಮ್ಡಿಗಳು ನಿಜವಾಗಿಯೇ ತೇಲುತ್ತವೆ. ಸಂಗಾಯ್ ಜಿಂಕೆಗಳ ಕೈಬುಲ್ ಲಾಮ್ಜಾವೊ ರಾಷ್ಟ್ರೀಯ ಉದ್ಯಾನ ನಿಂತಿರುವುದೂ, ಅಂದರೆ ತೇಲುತ್ತಿರುವುದೂ, ಅವುಗಳ ಮೇಲೆಯೇ. ಬೇಸಿಗೆಯಲ್ಲಿ ನೀರಿಳಿದಾಗ ಫುಮ್ಡಿ ತಳಕ್ಕೆ ಕೂತು, ಕೆಸರಿನ ಸಾರ ಹೀರಿ, ಮಳೆಗಾಲಕ್ಕೆ ದಪ್ಪಗಾಗಿ ಏಳುತ್ತಿತ್ತು. 1983ರಲ್ಲಿ ಇಥಾಯ್ ಬ್ಯಾರೇಜ್ ಬಂದ ಮೇಲೆ ನೀರು ವರ್ಷವಿಡೀ ಏರಿಯೇ ಇರುತ್ತದೆ. ಬೇರಿಗೆ ತಳ ಸಿಗದೆ ಫುಮ್ಡಿ ತೆಳುವಾಗುತ್ತಿದೆ, ಜಿಂಕೆಯ ಭಾರ ತಾಳದಷ್ಟು. ವಾಯುಮಾಂತ್ರಿಕರನ್ನು ಅಲ್ಲಿಗೆ ಕಳಿಸಬೇಕೆಂಬ ಸಲಹೆ ಸಂಘದ ಮುಂದಿದೆಯಂತೆ. ಪ್ರಬಂಧಕಾರ ಅದನ್ನು ವಿರೋಧಿಸುತ್ತಾನೆ. ಅಲ್ಲಿ ಬೇಕಿರುವವರು ಬೇಸಿಗೆಯಲ್ಲಿ ಗೇಟು ಎತ್ತಿ ಒಂದಿಷ್ಟು ನೀರು ಬಿಡುವವರು. ಸಂಘದಲ್ಲಿ ಆ ಕೆಲಸಕ್ಕೆ ಹುದ್ದೆಯೇ ಇಲ್ಲ.